ಕಪ್ಪು ಪಟ್ಟಿಯ ಕೆಳಗಿನ ನಾಲ್ಕು ಪುಸ್ತಕ

ನನ್ನ ವಿಡಿಯೊಗಳನ್ನು ಮೊದಲಿನಿಂದ ಕೊನೆಯವರೆಗೆ ನೋಡುತ್ತಿದ್ದವರು ಒಬ್ಬರೇ ಒಬ್ಬರು. ಅಂಥ ಒಬ್ಬರು ಸಿಕ್ಕರಲ್ಲ ಎಂದು ನಾನು ಹಿಗ್ಗಿದ್ದನ್ನು ನೆನೆದರೆ ಈಗಲೂ ಅಂಗೈ ಬೆವರುತ್ತದೆ. ಮೊದಮೊದಲು ಅದು ಬರೀ ನಾಚಿಕೆಯ ಬೆವರಾಗಿತ್ತು. ಈಗ ಅದು ಭಯ.

ನಾನು ಶಿವಮೊಗ್ಗದ ಕಾಲೇಜೊಂದರಲ್ಲಿ ಗ್ರಂಥಪಾಲಕಿ. ವಾರಕ್ಕೆ ಎರಡು ದಿನ, ಮಂಗಳವಾರ ಮತ್ತು ಶುಕ್ರವಾರ, ಅದೇ ಆಡಳಿತ ಮಂಡಳಿಯ ಭದ್ರಾವತಿ ಶಾಖೆಗೂ ಹೋಗಬೇಕು. ಅಲ್ಲಿನ ಲೈಬ್ರರಿ ಎಂದರೆ ಹಳೆಯ ಕಾರ್ಖಾನೆ ಕ್ವಾರ್ಟರ್ಸಿನ ಪಕ್ಕದ ಎರಡು ಕೋಣೆ, ಒಂದು ಕಂಪ್ಯೂಟರು, ಒಬ್ಬಳು ಅಟೆಂಡರಮ್ಮ. ಅಟೆಂಡರಮ್ಮನ ತಂದೆ ತಮಿಳುನಾಡಿನಿಂದ ಕಾರ್ಖಾನೆ ಕೆಲಸಕ್ಕೆ ಬಂದವರು. ಆಕೆ ಹುಟ್ಟಿ ಬೆಳೆದದ್ದೆಲ್ಲ ಭದ್ರಾವತಿಯೇ ಆದರೂ ಮಾತಿಗೊಂದು ‘ಮಾ’ ಸೇರಿಸುವುದನ್ನು ಬಿಟ್ಟಿಲ್ಲ. ಆ ಶಾಖೆಯಲ್ಲಿ ವಿದ್ಯಾರ್ಥಿಗಳಲ್ಲದೆ ಊರಿನವರಿಗೂ ಸದಸ್ಯತ್ವ ಕೊಡುತ್ತೇವೆ. ಹೊಳೆಹೊನ್ನೂರಿನಿಂದಲೂ ಒಂದಿಬ್ಬರು ಬರುತ್ತಿದ್ದರು.

ವಿಡಿಯೊ ಮಾಡುವ ಹುಚ್ಚು ನನ್ನದಲ್ಲ, ಪ್ರಾಂಶುಪಾಲರದು. ಒಂದು ಸಭೆಯಲ್ಲಿ ಅವರು, “ಲೈಬ್ರರಿಗೆ ಜನಾನೇ ಬರ್ತಿಲ್ಲ, ನೀವು ಜನರ ಫೋನಿಗೆ ಹೋಗಿ” ಎಂದರು. ತಾವೇ ನಾಲ್ಕು ವರ್ಷದಿಂದ ಲೈಬ್ರರಿ ಮೆಟ್ಟಿಲು ಹತ್ತದವರು ಹೇಳಿದ ಮಾತು ಅದು. ನನಗೆ ಸಿಟ್ಟು ಬಂತು. ನನಗೆ ಸಿಟ್ಟು ಬಂದರೆ ಹೇಳಿದ್ದಕ್ಕಿಂತ ಎರಡರಷ್ಟು ಮಾಡಿ ತೋರಿಸುವ ಕೆಟ್ಟ ಅಭ್ಯಾಸವಿದೆ. ಮಾರನೆಯ ಮಂಗಳವಾರವೇ ಫೋನನ್ನು ಭದ್ರಾವತಿಯ ಲೈಬ್ರರಿ ಏಣಿಗೆ ಅಟೆಂಡರಮ್ಮನ ಜಡೆ ರಿಬ್ಬನ್ನಿನಿಂದ ಕಟ್ಟಿ, ಬೀರುವಿನ ಮುಂದೆ ನಿಂತು ಮಾತಾಡಲು ಶುರುಮಾಡಿದೆ.

ಮೊದಲ ವಿಡಿಯೊ ಪುಸ್ತಕದ ಬೆನ್ನಿನ ಮೇಲಿನ ಚೀಟಿಯ ಬಗ್ಗೆ. ಮೇಲಿನ ಸಾಲು ವಿಷಯದ ಸಂಖ್ಯೆ, ಅಂಥ ಎಲ್ಲ ಪುಸ್ತಕಕ್ಕೂ ಅದು ಒಂದೇ. ಕೆಳಗಿನ ಸಾಲು ಪ್ರತಿಯ ಸಂಖ್ಯೆ, ಅದು ಆ ಒಂದು ಪುಸ್ತಕಕ್ಕೆ ಮಾತ್ರ ಸೇರಿದ್ದು, ಇಡೀ ಲೈಬ್ರರಿಯಲ್ಲಿ ಇನ್ನೊಂದಕ್ಕೆ ಇರುವುದಿಲ್ಲ. ಇದನ್ನು ತರಗತಿಯಲ್ಲಿ ಇಪ್ಪತ್ತು ವರ್ಷ ಹೇಳಿದ್ದೇನೆ, ಒಂದು ಪಿಳ್ಳೆಯೂ ಕಿವಿಗೆ ಹಾಕಿಕೊಂಡಿಲ್ಲ. ಫೋನಿನ ಮುಂದೆ ಹೇಳುವಾಗ ಮಾತ್ರ ಯಾಕೋ ಹುರುಪು ಬಂತು. ಅಟೆಂಡರಮ್ಮ ನೋಡಿ, “ನೀವು ಟಿವಿನಾಗ್ ಬರೋರ್ ಥರಾನೇ ಇದೀರಿ ಮಾ” ಎಂದಳು. ನನಗೆ ಕೋಡು ಮೂಡಿತು.

ಎರಡನೆಯದು, ಮನೆಯಲ್ಲೇ ಕೂತು ಲೈಬ್ರರಿಯಲ್ಲಿ ಯಾವ ಪುಸ್ತಕವಿದೆ ಎಂದು ಫೋನಿನಲ್ಲಿ ಹುಡುಕುವುದು ಹೇಗೆ ಎಂಬುದು. ಅದರ ಕೊನೆಯಲ್ಲಿ ಒಂದು ವಾಟ್ಸಾಪ್ ನಂಬರ್ ಕೊಟ್ಟೆ. “ಏನು ಬೇಕಾದರೂ ಕೇಳಿ, ಉತ್ತರ ಕೊಡುತ್ತೇನೆ” ಎಂದು ನಗುತ್ತಾ ಹೇಳಿದ್ದೇನೆ. ಎರಡನ್ನೂ ಸಿಕ್ಕಸಿಕ್ಕ ಗುಂಪಿಗೆಲ್ಲ ಕಳಿಸಿದೆ. ಸವಳಂಗ ರಸ್ತೆಯ ನಮ್ಮ ಬೀದಿಯವರ ಗುಂಪು, ಸ್ತ್ರೀಶಕ್ತಿ ಸಂಘಗಳು, ಹೊಳೆಹೊನ್ನೂರು ಕಡೆಯ ಅಡಿಕೆ ಧಾರಣೆಯ ಗುಂಪು, ಮಲವಗೊಪ್ಪದ ದೇವಸ್ಥಾನದ ಗುಂಪು. ಉತ್ತರವಾಗಿ ಬಂದದ್ದು ಮುಖ್ಯವಾಗಿ ಶುಭೋದಯದ ಗುಲಾಬಿಗಳು. ಆದರೂ ನೋಡಿದವರ ಲೆಕ್ಕ ಏರುತ್ತಿತ್ತು. ನಾನು ಒಗ್ಗರಣೆ ಹಾಕುವಾಗಲೂ ಫೋನು ತೆಗೆದು ನೋಡುವಷ್ಟು ಹಾಳಾದೆ.

ಇನ್ನು ಭದ್ರಾವತಿ ಶಾಖೆಗೆ ಓದಲು ಬರುತ್ತಿದ್ದ ಒಬ್ಬಳ ವಿಷಯ. ಅವಳ ಹೆಸರು ಬರೆಯುವುದಿಲ್ಲ. ಮೂವತ್ತರ ಹತ್ತಿರದ ವಯಸ್ಸು. ಮಲವಗೊಪ್ಪದ ಆಚೀಚೆ ಎಲ್ಲೋ ಮನೆ, ಗದ್ದೆ ತೋಟ ಇರುವ, ನಾಲ್ಕು ಜನ ಮರ್ಯಾದೆ ಕೊಡುವ ಮನೆತನಕ್ಕೆ ಸೊಸೆಯಾಗಿ ಬಂದವಳು. ಮಂಗಳವಾರ ಮಂಗಳವಾರ ಹನ್ನೊಂದರ ಬಸ್ಸಿಗೆ ಭದ್ರಾವತಿಗೆ ಬರುತ್ತಿದ್ದಳು. ಮನೆಯಲ್ಲಿ ಹೇಳಿ ಬರುತ್ತಿದ್ದದ್ದು ಹೊಲಿಗೆ ಕ್ಲಾಸಿಗೆ ಅಂತ. ಹೊಲಿಗೆ ಕ್ಲಾಸೇನೋ ಇತ್ತು, ನಮ್ಮ ಹಿಂದಿನ ಬೀದಿಯಲ್ಲಿ. ಆದರೆ ಅವಳು ಅಲ್ಲಿ ಅರ್ಧ ಗಂಟೆ ಕೂತು, ಉಳಿದ ಒಂದೂವರೆ ಗಂಟೆ ನಮ್ಮ ಕಿಟಕಿ ಪಕ್ಕದ ಮೇಜಿನಲ್ಲಿ ಇರುತ್ತಿದ್ದಳು.

ಅವಳು ಪುಸ್ತಕ ಒಯ್ಯುವುದಕ್ಕೆ ಒಂದು ಕ್ರಮವಿತ್ತು. ಒಂದು ಕಾರ್ಡಿಗೆ ನಾಲ್ಕು ಪುಸ್ತಕ. ಅದರಲ್ಲಿ ಮೂರಕ್ಕೆ ಮೇಜಿನ ಮೇಲೆಯೇ ನ್ಯೂಸ್‌ಪೇಪರ್ ಹೊದಿಕೆ ಹಾಕಿ, ಬೆನ್ನಿನ ಚೀಟಿಯೂ ಕಾಣದಂತೆ ಮಡಿಚಿ, ಚೀಲದ ತಳಕ್ಕೆ ಇಳಿಸುತ್ತಿದ್ದಳು. ನಾಲ್ಕನೆಯದು ರವಿಕೆ ಕತ್ತರಿಸುವುದನ್ನು ಕಲಿಸುವ ಒಂದು ಹಳೆಯ ಹೊಲಿಗೆ ಪುಸ್ತಕ. ಅದಕ್ಕೆ ಹೊದಿಕೆ ಇಲ್ಲ, ಅದು ಎಲ್ಲರಿಗೂ ಕಾಣುವಂತೆ ಚೀಲದ ಬಾಯಲ್ಲೇ. ಹದಿನೈದು ದಿನಕ್ಕೊಮ್ಮೆ ಆ ಹೊಲಿಗೆ ಪುಸ್ತಕವನ್ನು ತಂದು, ಮತ್ತೆ ಅದನ್ನೇ ಬರೆಸಿಕೊಂಡು ಹೋಗುತ್ತಿದ್ದಳು. ಉಳಿದ ಮೂರು ಏನೆಂದರೆ, ಸರ್ಕಾರಿ ಕೆಲಸದ ಪರೀಕ್ಷೆಗೆ ಓದುವ ಎರಡು ಗೈಡು, ಮತ್ತೆ ಹೆಂಡತಿಗೆ ಗಂಡನಿಂದ ರಕ್ಷಣೆ, ಜೀವನಾಂಶ, ವಿಚ್ಛೇದನ ಇವುಗಳ ಕಾನೂನನ್ನು ಕನ್ನಡದಲ್ಲಿ ಬಿಡಿಸಿ ಹೇಳುವ ಒಂದು ಪುಸ್ತಕ.

ಯಾಕೆ ಎಂದು ನಾವು ಕೇಳುವುದಿಲ್ಲ. ಔಷಧಿ ಅಂಗಡಿಯವನಾದರೂ ಕೇಳಿಯಾನು, ಲೈಬ್ರರಿಯವರು ಕೇಳಬಾರದು. ಆದರೆ ಕಣ್ಣು ಮುಚ್ಚಿಕೊಂಡು ಕೂತಿರುವುದಕ್ಕೂ ಆಗುವುದಿಲ್ಲವಲ್ಲ. ಒಂದು ಮಂಗಳವಾರ ಅವಳು ಎಡಗೈಯಲ್ಲಿ ಸಹಿ ಮಾಡಿದಳು. ಬಲಗೈ ಸೆರಗಿನೊಳಗೇ ಇತ್ತು. ನಾನು ರಿಜಿಸ್ಟರನ್ನು ಅವಳ ಕಡೆ ಸ್ವಲ್ಪ ಹೊರಳಿಸಿ ಹಿಡಿದುಕೊಂಡೆ, ಅಷ್ಟೆ. ಅಟೆಂಡರಮ್ಮ ಒಳಗೆ ಹೋಗಿ ಒಂದು ಲೋಟ ಟೀ ತಂದು ಅವಳ ಮುಂದಿಟ್ಟಳು.

ಪರೀಕ್ಷೆಯ ಅರ್ಜಿಯನ್ನು ನಮ್ಮ ಕಂಪ್ಯೂಟರಿನಲ್ಲೇ ತುಂಬಿದ್ದು, ನಾನೇ ಪಕ್ಕದಲ್ಲಿ ಕೂತು ತುಂಬಿಸಿದ್ದು. ಅರ್ಜಿ ಮುಗಿದ ಮೇಲೆ ಅವಳು ಬಾಗಿಲ ಕಡೆ ಒಮ್ಮೆ ನೋಡಿ, “ಕೆಲ್ಸ ಸಿಕ್ಕಿದ್ರೆ ಹೋಗ್ಬಿಡ್ತೀನಿ ಮೇಡಂ” ಎಂದಳು. ಎಲ್ಲಿಗೆ ಎನ್ನಲಿಲ್ಲ. ಆಮೇಲೆ ಒಂದು ಪ್ರಶ್ನೆ ಕೇಳಿದಳು.

“ನಾನು ಯಾವ ಬುಕ್ ತಗೊಂಡೋಗ್ತೀನಿ ಅಂತ ಬೇರೆ ಯಾರಿಗಾದ್ರೂ ಗೊತ್ತಾಗುತ್ತಾ?”

“ಯಾರಿಗೂ ಗೊತ್ತಾಗಲ್ಲ ಮಾರಾಯ್ತಿ” ಎಂದೆ. “ನಿನ್ನ ಕಾರ್ಡು ನಿಂದು. ನಮ್ಮ ಪ್ರಿನ್ಸಿಪಾಲ್ರು ಬಂದು ಕೇಳಿದ್ರೂ ನಾನು ಹೇಳಲ್ಲ.”

ಪ್ರಿನ್ಸಿಪಾಲರು ಬಂದು ಕೇಳಲಿಲ್ಲ ಎಂಬುದು ನಿಜ.

ಮೂರನೆಯ ವಿಡಿಯೊ ಮಾಡಿದ್ದು ಅದಾದ ತಿಂಗಳಿಗೆ. ವಿಷಯ, ನಿಮ್ಮ ಖಾತೆಯಲ್ಲಿ ಯಾವ ಪುಸ್ತಕಗಳಿವೆ, ಯಾವತ್ತು ವಾಪಸ್ ಕೊಡಬೇಕು, ಅವಧಿ ಮುಂದುವರಿಸುವುದು ಹೇಗೆ ಎಂಬುದನ್ನು ತೆರೆಯ ಮೇಲೆ ತೋರಿಸುವುದು. ತೋರಿಸಲು ಒಂದು ಖಾತೆ ಬೇಕು. ನನ್ನ ಖಾತೆ ಖಾಲಿ. ಲೈಬ್ರರಿಯವರಾದ ನಾವು ಯಾರೂ ನಮ್ಮ ಹೆಸರಿಗೆ ಪುಸ್ತಕ ಬರೆದುಕೊಳ್ಳುವುದಿಲ್ಲ, ಸುಮ್ಮನೆ ತೆಗೆದು ಓದಿ ಇಡುತ್ತೇವೆ. ಪ್ರಾಂಶುಪಾಲರ ಖಾತೆಯಲ್ಲಿ ಒಂದು ಪುಸ್ತಕ ನಾಲ್ಕು ವರ್ಷದಿಂದ ವಾಪಸ್ಸಾಗಿಲ್ಲ, ಕೆಂಪು ಅಕ್ಷರದಲ್ಲಿ ಹೊಳೆಯುತ್ತದೆ, ಅದನ್ನು ತೋರಿಸಿದರೆ ನನ್ನ ಕೆಲಸ ಹೋಗುತ್ತದೆ. ವಿದ್ಯಾರ್ಥಿಗಳದು ಒಂದೊಂದು ಪುಸ್ತಕ, ಅದೂ ಪರೀಕ್ಷೆ ಹಿಂದಿನ ವಾರದ್ದು. ನೋಡಲು ಲಕ್ಷಣವಾಗಿ, ನಾಲ್ಕು ಪುಸ್ತಕ ತುಂಬಿಕೊಂಡು, ಪ್ರತಿ ಹದಿನೈದು ದಿನಕ್ಕೆ ತಪ್ಪದೆ ಮುಂದುವರಿಸಿಕೊಂಡು ಬಂದ ಖಾತೆ ಭದ್ರಾವತಿ ಶಾಖೆಯಲ್ಲಿ ಒಂದೇ ಇತ್ತು.

ನಾನು ಮೂರ್ಖಳಲ್ಲ, ಹೆಸರು ಮುಚ್ಚಿದೆ. ಹೆಸರಿನ ಮೇಲೆ, ಸದಸ್ಯತ್ವ ಸಂಖ್ಯೆಯ ಮೇಲೆ, ಫೋನ್ ನಂಬರಿನ ಮೇಲೆ ದಪ್ಪಗೆ ಕಪ್ಪು ಪಟ್ಟಿ ಹಾಕಿದೆ. ಅದನ್ನು ಹಾಕುವುದು ಹೇಗೆ ಎಂದು ಒಂದು ಮಧ್ಯಾಹ್ನವಿಡೀ ಕೂತು ಕಲಿತೆ. ವಿಡಿಯೊದಲ್ಲಿ, “ಓದುಗರ ಗುಟ್ಟು ಕಾಪಾಡುವುದು ನಮ್ಮ ಧರ್ಮ, ಆದ್ದರಿಂದ ಹೆಸರು ತೋರಿಸುತ್ತಿಲ್ಲ” ಎಂದು ಜಂಬದಿಂದ ಹೇಳಿಯೂ ಇದ್ದೇನೆ. ಕಪ್ಪು ಪಟ್ಟಿಯ ಕೆಳಗೆ ನಾಲ್ಕು ಪುಸ್ತಕದ ಹೆಸರು, ನಾಲ್ಕು ಪ್ರತಿ ಸಂಖ್ಯೆ, ಕೊಡಬೇಕಾದ ತಾರೀಕು ಸ್ಪಷ್ಟವಾಗಿ ಕಾಣುತ್ತಿದ್ದವು. ಕಾಣಲಿ ಎಂದೇ ನಾನು ದೊಡ್ಡದು ಮಾಡಿ ತೋರಿಸಿದ್ದೆ. ಪುಸ್ತಕದ ಪಟ್ಟಿಯೇ ಒಬ್ಬಳ ಗುರುತು ಎಂದು ಇಷ್ಟು ವರ್ಷ ಈ ಕೆಲಸ ಮಾಡಿದವಳಿಗೆ ಹೊಳೆಯಲಿಲ್ಲ.

ಅದನ್ನೂ ಎಲ್ಲ ಗುಂಪಿಗೆ ಕಳಿಸಿದೆ. ಎರಡು ದಿನದ ನಂತರ ವಾಟ್ಸಾಪಿಗೆ ಮೊದಲ ನಿಜವಾದ ಪ್ರಶ್ನೆ ಬಂತು. ಹೆಸರಿನ ಜಾಗದಲ್ಲಿ ಬರೀ ಒಂದು ಚುಕ್ಕೆ, ಚಿತ್ರದ ಜಾಗದಲ್ಲಿ ಒಂದು ಹಳದಿ ದಾಸವಾಳ.

“ಮೇಡಂ ನಿಮ್ಮ ಮೂರೂ ವಿಡಿಯೊ ಪೂರ್ತಿ ನೋಡಿದೆ. ತುಂಬಾ ಉಪಯುಕ್ತ. ಬೆನ್ನಿನ ಚೀಟಿಯ ಕೆಳಗಿನ ನಂಬರ್ ಒಂದೇ ಪುಸ್ತಕಕ್ಕೆ ಇರೋದು ಅಂದ್ರಿ. ಬೇರೆ ಲೈಬ್ರರಿ ಪುಸ್ತಕಕ್ಕೂ ಅದೇ ನಂಬರ್ ಬರಬಹುದಾ?”

ಇಷ್ಟು ಚೆಂದದ ಪ್ರಶ್ನೆಯನ್ನು ನನ್ನನ್ನು ಯಾರೂ ಕೇಳಿರಲಿಲ್ಲ. ಬರಬಹುದು, ಆದರೆ ನಮ್ಮ ಸಂಖ್ಯೆಯ ಮುಂದೆ ಶಾಖೆಯ ಅಕ್ಷರ ಇರುತ್ತದೆ, ಹಾಗಾಗಿ ಗೊಂದಲವಾಗದು ಎಂದು ಐದು ಸಾಲು ಬರೆದೆ. ಮಾರನೆಯ ದಿನ ಇನ್ನೊಂದು. ಒಂದು ಕಾರ್ಡಿನಲ್ಲಿರುವ ಪುಸ್ತಕವೆಲ್ಲ ಒಬ್ಬರೇ ತೆಗೆದುಕೊಂಡದ್ದು ಎಂದು ಖಚಿತವೇ? ಖಚಿತ, ಒಬ್ಬರ ಕಾರ್ಡು ಇನ್ನೊಬ್ಬರಿಗೆ ಕೊಡುವಂತಿಲ್ಲ ಎಂದೆ. ಆಮೇಲೆ ಇನ್ನೊಂದು. ಪುಸ್ತಕ ಮುಂದುವರಿಸಲು ಓದುಗರೇ ಬರಬೇಕಾ, ಯಾವ ವಾರ ಬಂದರೆ ನೀವು ಸಿಗುತ್ತೀರಿ? ವಿಡಿಯೊದಲ್ಲಿ ತೋರಿಸಿದ ಆ ಓದುಗರು ಯಾವ ವಾರ ಬರುತ್ತಾರೆ, ಅಂಥವರ ಹತ್ತಿರ ಪರೀಕ್ಷೆಗೆ ಓದುವುದು ಹೇಗೆ ಅಂತ ಕೇಳಬಹುದಿತ್ತು.

ನಾನು ಬರೆದ ಉತ್ತರ ಈಗಲೂ ಫೋನಿನಲ್ಲಿದೆ. “ಭದ್ರಾವತಿ ಶಾಖೆಗೆ ಮಂಗಳವಾರ ಬನ್ನಿ, ಹನ್ನೊಂದೂವರೆ ನಂತರ. ಒಳ್ಳೆಯ ಓದುಗರು ಇರುತ್ತಾರೆ.” ಕೊನೆಗೆ ಒಂದು ನಗುವ ಮುಖ ಬೇರೆ ಹಾಕಿದ್ದೇನೆ.

ಅಟೆಂಡರಮ್ಮನಿಗೆ ಅದನ್ನು ಓದಿ ಹೇಳಿದೆ, ನೋಡು ಎಂಥ ಜಾಣ ವಿದ್ಯಾರ್ಥಿ ಸಿಕ್ಕಿದ್ದಾನೆ ಅಂತ. ಆಕೆ ಪುಸ್ತಕ ಒರೆಸುವ ಬಟ್ಟೆಯನ್ನು ಕೈಯಲ್ಲೇ ಹಿಡಿದು ನಿಂತಳು.

“ಯಾರ್ ಮಾ ಅದು? ಹೆಸರು ಹೇಳ್ಕೊಳ್ದೆ ಇಷ್ಟೊಂದು ಕೇಳ್ತಾರಲ್ಲ.”

“ಓದುಗರು. ಹೆಸರು ಯಾಕೆ ಬೇಕು?”

“ಪುಸ್ತಕದ್ದು ಕೇಳಿದ್ರೆ ಸರಿ ಮಾ. ಇವರು ಓದೋರ್ ಬಗ್ಗೆ ಕೇಳ್ತಾವ್ರೆ.”

ನನಗೆ ಅವಳ ಮೇಲೆ ರೇಗಿತು. ಏಳನೆಯ ಕ್ಲಾಸು ಓದಿದವಳು ನನಗೆ ಹೇಳಿಕೊಡಲು ಬಂದಳಲ್ಲ ಎಂದೇ ರೇಗಿತು, ಮುಚ್ಚಿಡುವುದೇನಿದೆ. ಆ ವಾರ ಆ ಮಾತು ಅಲ್ಲಿಗೇ ನಿಂತಿತು.

ಮುಂದಿನ ಮಂಗಳವಾರ ಅವಳು ಬರಲಿಲ್ಲ. ಅದರ ಮುಂದಿನ ಮಂಗಳವಾರವೂ ಇಲ್ಲ. ಕಿಟಕಿಯ ಮೇಜು ಖಾಲಿ. ಅಟೆಂಡರಮ್ಮ ಹಿಂದಿನ ಬೀದಿಯ ಹೊಲಿಗೆ ಕ್ಲಾಸಿಗೆ ಹೋಗಿ ವಿಚಾರಿಸಿದಳು. ಅಲ್ಲಿಗೂ ಬಂದಿರಲಿಲ್ಲ. ಆದರೆ ಯಾರೋ ಗಂಡಸು ಬಂದು, ಇವಳು ಎಷ್ಟು ಹೊತ್ತಿಗೆ ಬಂದು ಎಷ್ಟು ಹೊತ್ತಿಗೆ ಹೋಗುತ್ತಿದ್ದಳು ಎಂದು ಕೇಳಿ, ಒಂದು ಚೀಟಿಯಲ್ಲಿ ಬರೆದುಕೊಂಡು ಹೋಗಿದ್ದನಂತೆ. ಬಹಳ ಮರ್ಯಾದೆಯಿಂದ ಮಾತಾಡಿದನಂತೆ. ಅದನ್ನು ಕೇಳಿದ ಮೇಲೆ ಫೋನು ತೆಗೆದು ದಾಸವಾಳದ ಪ್ರಶ್ನೆಗಳನ್ನು ಮೊದಲಿನಿಂದ ಓದಿದೆ. ಒಂದೊಂದೂ ಬೇರೆಯಾಗಿ ಓದಿದಾಗ ಸರಿಯಾಗಿಯೇ ಇದ್ದವು, ಒಟ್ಟಿಗೆ ಓದಿದಾಗ ಎಲ್ಲವೂ ಒಬ್ಬಳನ್ನೇ ಹುಡುಕುತ್ತಿದ್ದವು. ಅವತ್ತೇ ಮೂರನೆಯ ವಿಡಿಯೊ ಅಳಿಸಿದೆ. ಅಳಿಸಿದ್ದು ನನ್ನ ಪ್ರತಿಯನ್ನು ಮಾತ್ರ. ಗುಂಪುಗಳಿಗೆ ಹೋದದ್ದು ಹೋದಲ್ಲೇ ಇತ್ತು.

ಮೂರನೆಯ ಮಂಗಳವಾರ ಇಬ್ಬರೂ ಬಂದರು. ಮುಂದೆ ಗಂಡ, ಎರಡು ಹೆಜ್ಜೆ ಹಿಂದೆ ಅವಳು. ಇಸ್ತ್ರಿ ಮಾಡಿದ ಅಂಗಿ, ಹಣೆಯಲ್ಲಿ ವಿಭೂತಿ, ಎದ್ದು ನಿಂತು ಕುರ್ಚಿ ಕೊಡಬೇಕು ಅನ್ನಿಸುವಂಥ ಮನುಷ್ಯ. ಕೈ ಮುಗಿದ. ಚೀಲದಿಂದ ನಾಲ್ಕೂ ಪುಸ್ತಕ ತೆಗೆದು ಕೌಂಟರ್ ಮೇಲೆ ಒಂದರ ಪಕ್ಕ ಒಂದು ಜೋಡಿಸಿದ. ನ್ಯೂಸ್‌ಪೇಪರ್ ಹೊದಿಕೆಗಳು ಇರಲಿಲ್ಲ.

“ಮೇಡಂ, ನಿಮ್ಗೊಂದು ಥ್ಯಾಂಕ್ಸ್ ಹೇಳ್ಬೇಕಿತ್ತು” ಎಂದ. “ನಮ್ಮ ದೇವಸ್ಥಾನದ ಗುಂಪಲ್ಲಿ ನಿಮ್ಮ ವಿಡಿಯೊ ಬಂತು. ಮನೇಲಿ ಹೊಲಿಗೆ ಪುಸ್ತಕ ಇತ್ತು. ಬೆನ್ನಿನ ಮೇಲೆ ನಂಬರು. ವಿಡಿಯೊ ನಿಲ್ಸಿ ನೋಡಿದ್ರೆ ಅದೇ ನಂಬರು. ಅದರ ಜೊತೆಗೆ ಇನ್ನೂ ಮೂರು. ಆಮೇಲೆ ಹುಡುಕಿದೆ, ಅಕ್ಕಿ ಡಬ್ಬದ ಹಿಂದೆ ಸಿಕ್ವು. ನಮ್ಮಂಥ ಓದದೇ ಇರೋರಿಗೂ ಅರ್ಥ ಆಗೋ ಹಂಗೆ ಹೇಳ್ಕೊಡ್ತೀರಿ ನೀವು.”

ನಾನು ಅವಳ ಕಡೆ ನೋಡಿದೆ. ಅವಳು ನನ್ನನ್ನು ನೋಡಲಿಲ್ಲ. ಸಿಟ್ಟಿನಿಂದ ನೋಡಿದ್ದರೆ ನನಗೆ ಎಷ್ಟೋ ಸಮಾಧಾನವಾಗುತ್ತಿತ್ತು. ಅವಳ ಕಣ್ಣು ಕೌಂಟರಿನ ಮೇಲಿದ್ದ ಕಾನೂನಿನ ಪುಸ್ತಕದ ಮೇಲೇ ಇತ್ತು.

“ಮೆಂಬರ್‌ಶಿಪ್ ಕ್ಯಾನ್ಸಲ್ ಮಾಡ್ಕೊಡಿ” ಎಂದ. “ಪರೀಕ್ಷೆ ಗಿರೀಕ್ಷೆ ಎಲ್ಲ ಬೇಡ ಅಂತ ಅವಳೇ ತೀರ್ಮಾನ ಮಾಡಿದಾಳೆ. ಹಾಲ್ ಟಿಕೆಟ್ ಬಂದ್ರೂ ಪರವಾಗಿಲ್ಲ, ನಾನೇ ಇಟ್ಕೋತೀನಿ. ಅಲ್ವಾ?” ಎಂದು ಹಿಂದಕ್ಕೆ ತಿರುಗದೆಯೇ ಕೇಳಿದ. “ಹೊಲಿಗೆ ಪುಸ್ತಕ ಬೇಕಾದ್ರೆ ಅವಳು ಇಟ್ಕೊಳ್ಲಿ, ಅದಕ್ಕೇನು, ಉಪಯೋಗಕ್ಕೆ ಬರುತ್ತೆ” ಎಂದ.

“ಬೇಡ” ಎಂದಳು. ಅವತ್ತು ಅವಳು ಆಡಿದ್ದು ಆ ಒಂದೇ ಮಾತು.

ಸದಸ್ಯತ್ವ ರದ್ದು ಮಾಡುವ ಅರ್ಜಿಯನ್ನು ಓದುಗರೇ ಬರೆಯಬೇಕು. ಕೊಟ್ಟೆ. ಎಡಗೈಯಲ್ಲೇ ಬರೆದಳು. ನಾನು ಸಹಿ ಹಾಕಿ ಮೊಹರು ಒತ್ತಿದೆ. ಒತ್ತದೆ ಇದ್ದಿದ್ದರೆ ಏನಾಗುತ್ತಿತ್ತು ಎಂದು ಎಷ್ಟೋ ಸಲ ಯೋಚಿಸಿದ್ದೇನೆ. ಅರ್ಜಿ ಪುಸ್ತಕ ಮುಗಿದಿದೆ, ಮುಂದಿನ ವಾರ ಬನ್ನಿ, ಒಬ್ಬಳೇ ಬರಬೇಕು ಎನ್ನಬಹುದಿತ್ತು. ಆ ಹೊತ್ತಿಗೆ ಯಾವುದೂ ಹೊಳೆಯಲಿಲ್ಲ. ಅವನು ಮತ್ತೆ ಕೈ ಮುಗಿದು ಹೋದ. ಅವರು ಹೋದ ಮೇಲೆ ಅಟೆಂಡರಮ್ಮ ನನ್ನನ್ನು ಬೈಯಲಿಲ್ಲ. ನಾಲ್ಕು ಪುಸ್ತಕಗಳನ್ನು ಎತ್ತಿಕೊಂಡು ಒಳಗೆ ಹೋದಳು.

ಪೊಲೀಸರಿಗೆ ಹೇಳಬಹುದಿತ್ತು. ಅಟೆಂಡರಮ್ಮ ಅದನ್ನೂ ಹೇಳಿದಳು. ಏನೆಂದು ಹೇಳಲಿ? ಒಬ್ಬ ಮನುಷ್ಯ ಮರ್ಯಾದೆಯಿಂದ ಪ್ರಶ್ನೆ ಕೇಳಿದ, ನಾನು ಮರ್ಯಾದೆಯಿಂದ ಉತ್ತರ ಕೊಟ್ಟೆ ಎಂದೇ? ಅವಳ ಕೈಗೆ ಏನಾಗಿದೆ ಎಂದು ಅವಳು ನನಗೆ ಹೇಳಿಲ್ಲ. ಅವಳಿಗೆ ಫೋನು ಮಾಡೋಣವೆಂದರೆ, ನಮ್ಮಲ್ಲಿದ್ದ ನಂಬರ್ ಯಾವುದು, ಯಾರ ಕೈಯಲ್ಲಿರುವ ಫೋನಿನದು? ಹೀಗೆ ಒಂದೊಂದಾಗಿ ಕಾರಣ ಪೋಣಿಸಿಕೊಂಡು ಕೂತೆ. ಇವೆಲ್ಲ ಹೇಡಿಯ ಕಾರಣಗಳು ಎಂದು ಆಗಲೂ ಗೊತ್ತಿತ್ತು.

ದಾಸವಾಳ ಮಾತ್ರ ಸುಮ್ಮನಿರಲಿಲ್ಲ. “ಮೇಡಂ, ಹೊಸ ವಿಡಿಯೊ ಯಾವಾಗ?” ಎಂದು ಕೇಳುತ್ತಿತ್ತು. ಒಮ್ಮೆ, “ಅವಳು ನಿಮ್ಮನ್ನ ತುಂಬಾ ನೆನೆಸ್ಕೋತಾಳೆ” ಎಂದು ಬಂತು. ಅದನ್ನು ಓದಿದ ದಿನ ನಾನು ಬಸ್ಸಿನಲ್ಲಿ ಮಲವಗೊಪ್ಪ ದಾಟುವಾಗ ಕಿಟಕಿಯಿಂದ ಮುಖ ಹಿಂದಕ್ಕೆಳೆದುಕೊಂಡೆ. ಯಾವ ಮನೆ ಎಂದು ಗೊತ್ತಿಲ್ಲದಿದ್ದರೂ ಆ ರಸ್ತೆಯ ಪ್ರತಿ ಮನೆಯೂ ಅದೇ ಇರಬಹುದು ಎನ್ನಿಸಿತ್ತು. ಪರೀಕ್ಷೆಗೆ ವಾರವಿದ್ದಾಗ ಇನ್ನೊಂದು ಬಂತು. “ಹಾಲ್ ಟಿಕೆಟ್ ಬಂದಿದೆ. ಕೇಂದ್ರ ನಿಮ್ಮ ಶಿವಮೊಗ್ಗದ ಕಾಲೇಜೇ ಅಲ್ವಾ ಮೇಡಂ?” ನಾನು ಮೊದಲ ಬಾರಿಗೆ ಒಬ್ಬ ಓದುಗನ ಪ್ರಶ್ನೆಗೆ ಉತ್ತರ ಕೊಡದೆ ಬಿಟ್ಟೆ. ನಾನು ಓದಿದ್ದೇನೆಂದು ಎರಡು ನೀಲಿ ಗೆರೆ ಅವನಿಗೆ ತೋರಿಸಿರಬೇಕು.

ಅಂಥ ಪರೀಕ್ಷೆಗಳಿಗೆ ನಮ್ಮ ಕಾಲೇಜು ಕೇಂದ್ರವಾಗದ ವರ್ಷವಿಲ್ಲ. ಭಾನುವಾರ ಎಲ್ಲ ಸಿಬ್ಬಂದಿಗೂ ಕೆಲಸ ಹಂಚುತ್ತಾರೆ. ನನ್ನನ್ನು ಗೇಟಿಗೆ ಹಾಕಿ ಎಂದು ನಾನೇ ಕೇಳಿ ಪಡೆದೆ. ಹೆಣ್ಣುಮಕ್ಕಳ ತಪಾಸಣೆ, ಕಿವಿಯೋಲೆ ಬಿಚ್ಚಿಸುವುದು, ಹಾಲ್ ಟಿಕೆಟ್ಟಿನ ಫೋಟೊಗೂ ಮುಖಕ್ಕೂ ತಾಳೆ ನೋಡುವುದು. ಬೆಳಿಗ್ಗೆ ಎಂಟರಿಂದ ಒಂದೊಂದು ಮುಖವನ್ನೂ ನೋಡುತ್ತಾ ನಿಂತೆ. ಹಾಲ್ ಟಿಕೆಟ್ಟು ಅವನ ಹತ್ತಿರವಿದ್ದರೂ ಇನ್ನೊಂದು ತೆಗೆಸಿಕೊಂಡು ಬರಬಹುದು, ಯಾವುದಾದರೂ ಸೈಬರ್ ಅಂಗಡಿಯಲ್ಲಿ, ಅರ್ಜಿ ಸಂಖ್ಯೆ ಬಾಯಿಪಾಠವಾಗಿದ್ದರೆ ಸಾಕು. ಅವಳಿಗೆ ಬಾಯಿಪಾಠವಾಗಿತ್ತು, ನನ್ನೆದುರೇ ಎರಡು ಸಲ ಹೇಳಿದ್ದಳು. ಬಾ ಮಾರಾಯ್ತಿ, ಬಂದುಬಿಡು ಎಂದು ಒಳಗೊಳಗೇ ಅನ್ನುತ್ತಿದ್ದೆ.

ಒಂಬತ್ತೂವರೆಗೆ ಗೇಟು ಮುಚ್ಚಿದರು. ಅವಳು ಬಂದಿರಲಿಲ್ಲ.

ಹತ್ತಕ್ಕೆ ಗಂಟೆ ಹೊಡೆದು ಪ್ರಶ್ನೆಪತ್ರಿಕೆ ಹಂಚಿ ಆಗಿತ್ತು. ಆಗ ಸ್ಕೂಟರೊಂದು ಗೇಟಿನೆದುರು ಬಂದು ನಿಂತಿತು. ಅವನೇ. ಅಂಗಿಗೆ ಇಸ್ತ್ರಿ ಇರಲಿಲ್ಲ, ಹಣೆಯಲ್ಲಿ ವಿಭೂತಿಯೂ ಇರಲಿಲ್ಲ. ಕಂಬಿಗಳ ಆಚೆಯಿಂದ ನನ್ನನ್ನು ನೋಡಿ ಹತ್ತಿರ ಬಂದ. ಈ ಸಲ ಕೈ ಮುಗಿಯಲಿಲ್ಲ.

“ಬಂದ್ಲಾ?”

ನಾನು ಅವನ ಮುಖ ನೋಡಿದೆ.

“ಬೆಳಿಗ್ಗೆ ಹಾಲು ಹಾಕಿಸ್ಕೊಂಡು ಬರ್ತೀನಿ ಅಂತ ಹೋದೋಳು ಬಂದಿಲ್ಲ. ಅವಳ ಚೀಲಾನೂ ಇಲ್ಲ ಮನೇಲಿ. ಅಣ್ಣ ಬಸ್‌ಸ್ಟ್ಯಾಂಡಲ್ಲಿ ಹುಡುಕ್ತಿದಾನೆ. ಇಲ್ಲಿಗೂ ಬಂದಿಲ್ಲ ಅಂದ್ರೆ ನಾನು ರೈಲ್ವೆ ಸ್ಟೇಷನ್ನಿಗೆ ಹೋಗ್ಬೇಕು. ಹೇಳಿ ಮೇಡಂ, ಬಂದ್ಲಾ ಇಲ್ವಾ?”

ಆ ಕ್ಷಣದಲ್ಲಿ ನನಗೆ ಎರಡು ಸಂಗತಿ ಒಟ್ಟಿಗೇ ಅರ್ಥವಾದವು. ಅವಳು ಪರೀಕ್ಷೆಗೆ ಬರುವುದನ್ನು ಕೈಬಿಟ್ಟಿದ್ದಳು, ಅವನಿಗೆ ಗೊತ್ತಿರುವ ಜಾಗಕ್ಕೆ ಬಂದರೆ ಉಳಿಗಾಲವಿಲ್ಲ ಎಂದು. ಮತ್ತು ಅವಳು ಇನ್ನೂ ದಾರಿಯಲ್ಲೇ ಇದ್ದಳು, ಬಸ್ಸಿಗೋ ರೈಲಿಗೋ ಕಾಯುತ್ತಾ. ಯಾವ ಸ್ಟ್ಯಾಂಡು, ಯಾವ ಸ್ಟೇಷನ್ನು, ಶಿವಮೊಗ್ಗದ್ದೋ ಭದ್ರಾವತಿಯದ್ದೋ, ನನಗೆ ಗೊತ್ತಿರಲಿಲ್ಲ.

“ಬಂದ್ಲು” ಎಂದೆ. “ಒಳಗಿದ್ದಾಳೆ. ಬರೀತಿದ್ದಾಳೆ.”

“ನೀವು ನೋಡಿದ್ರಾ?”

“ನಾನೇ ಚೆಕ್ ಮಾಡಿ ಬಿಟ್ಟಿದ್ದು. ಹೊಸ ಹಾಲ್ ಟಿಕೆಟ್ ತಂದಿದ್ಲು.”

“ಯಾವ ರೂಮು?”

“ಹನ್ನೊಂದು. ಮೇಲಿನ ಮಹಡಿ.”

ನಾನು ಅಷ್ಟು ಸಲೀಸಾಗಿ ಹೇಳಿದೆ. ವಿಡಿಯೊದಲ್ಲಿ ಮಾತಾಡುವಾಗ ಬರುತ್ತಿದ್ದ ಅದೇ ದನಿ, ಬಿಡಿಬಿಡಿಯಾಗಿ, ಸ್ಪಷ್ಟವಾಗಿ. ಅವನು ನಂಬಿದ. ನಾನು ಕೇಳಿದ್ದಕ್ಕೆಲ್ಲ ಸರಿಯಾದ ಉತ್ತರ ಕೊಡುವವಳು ಎಂದು ಅವನಿಗಿಂತ ಚೆನ್ನಾಗಿ ಬಲ್ಲವರಿಲ್ಲ. ಫೋನು ತೆಗೆದು ಅಣ್ಣನಿಗೆ, “ಇಲ್ಲೇ ಇದಾಳಂತೆ, ನೀನು ವಾಪಸ್ ಬಾ” ಎಂದ. ನಾನು ಗೇಟಿನ ಪಕ್ಕದ ಪೊಲೀಸಿನವನ ಕುರ್ಚಿಯಲ್ಲಿ ಕೇಳದೆಯೇ ಕೂತುಬಿಟ್ಟೆ.

ಎರಡು ಗಂಟೆ ಅವನು ಎದುರಿನ ಟೀ ಅಂಗಡಿಯ ನೆರಳಿನಲ್ಲಿ ನಿಂತಿದ್ದ. ಸ್ವಲ್ಪ ಹೊತ್ತಿಗೆ ಅಣ್ಣನೂ ಬಂದು ಸೇರಿಕೊಂಡ. ಇಬ್ಬರೂ ಮೇಲಿನ ಮಹಡಿಯ ಕಿಟಕಿಗಳನ್ನು ನೋಡುತ್ತಿದ್ದರು. ಗೈರುಹಾಜರಾದವರ ಪಟ್ಟಿ ಕೋಣೆಗಳಿಂದ ಕಚೇರಿಗೆ ಹೋಗುವುದನ್ನು ನಾನು ಕಂಡೆ. ಅದನ್ನು ಒಯ್ಯುತ್ತಿದ್ದ ಜವಾನ ಗೇಟಿನ ಕಡೆ ಬಂದರೆ ಏನು ಗತಿ ಎಂದು ಉಸಿರು ಹಿಡಿದೆ. ಬರಲಿಲ್ಲ. ನಾನು ಬದುಕಿನಲ್ಲಿ ಯಾವುದಕ್ಕೂ ಹೀಗೆ ಗಡಿಯಾರ ನೋಡಿರಲಿಲ್ಲ. ಈಗ ಎಲ್ಲಿರಬಹುದು, ಬೀರೂರು ದಾಟಿರಬಹುದೇ ಎಂದು ಲೆಕ್ಕ ಹಾಕುತ್ತಿದ್ದೆ. ಯಾವ ದಿಕ್ಕಿಗೆ ಹೋಗಿದ್ದಾಳೆ ಎಂದೇ ಗೊತ್ತಿಲ್ಲದೆ ಮಾಡುವ ಲೆಕ್ಕ.

ಹನ್ನೆರಡಕ್ಕೆ ಗಂಟೆ ಹೊಡೆಯಿತು. ಗೇಟು ತೆಗೆದರು. ಇಬ್ಬರೂ ಗೇಟಿನ ಎರಡು ಕಡೆ ನಿಂತು, ಹೊರಬರುತ್ತಿದ್ದ ಪ್ರತಿ ಹೆಣ್ಣುಮಗಳ ಮುಖ ನೋಡಿದರು. ನಾನೂ ನೋಡುತ್ತಿದ್ದೆ, ಹುಚ್ಚಿಯ ಹಾಗೆ, ಎಲ್ಲಿ ನನ್ನ ಸುಳ್ಳೇ ನಿಜವಾಗಿ ಅವಳು ಇದರೊಳಗಿಂದ ಬಂದುಬಿಡುತ್ತಾಳೋ ಎಂದು. ಜನ ತೆಳುವಾದರು. ಕೊನೆಗೆ ನೀರಿನ ಬಾಟಲಿ ಮರೆತು ವಾಪಸ್ ಓಡಿದ್ದ ಒಬ್ಬ ಹುಡುಗಿ ಬಂದಳು, ಅಂಗಳ ಖಾಲಿಯಾಯಿತು.

ಅವನು ನನ್ನ ಹತ್ತಿರ ಬಂದ.

“ನಿಮ್ಮನೆ ಸವಳಂಗ ರಸ್ತೇಲಿ ಅಲ್ವಾ ಮೇಡಂ” ಎಂದ. “ಎರಡನೇ ವಿಡಿಯೊದಲ್ಲಿ ಹೇಳಿದ್ರಿ.”

ಸ್ಕೂಟರ್ ಹತ್ತಿ ಇಬ್ಬರೂ ಹೋದರು. ಅದಾಗಿ ಕೆಲವು ತಿಂಗಳಾದವು. ನಾನು ಈಗ ವಿಡಿಯೊ ಮಾಡುವುದಿಲ್ಲ. ಮನೆಯ ಬಾಗಿಲಿಗೆ ಇನ್ನೊಂದು ಚಿಲಕ ಹಾಕಿಸಿದ್ದೇನೆ. ಬೀದಿಯ ತಿರುವಿನಲ್ಲಿ ವಾರಕ್ಕೊಮ್ಮೆಯಾದರೂ ಆ ಸ್ಕೂಟರ್ ನಿಂತಿರುತ್ತದೆ. ಅವನು ಏನೂ ಮಾಡುವುದಿಲ್ಲ, ಕೇಳುವುದೂ ಇಲ್ಲ, ಸುಮ್ಮನೆ ಕೂತಿರುತ್ತಾನೆ. ಅದನ್ನು ಕಂಡಾಗಲೆಲ್ಲ ಎದೆ ಹೊಡೆದುಕೊಳ್ಳುತ್ತದೆ. ಅದರ ಹಿಂದೆಯೇ ಒಂದು ಸಂತೋಷವೂ ಬರುತ್ತದೆ, ಇವನು ಇನ್ನೂ ಇಲ್ಲಿ ಬಂದು ಕಾಯುತ್ತಿದ್ದಾನೆ ಎಂದರೆ ಅವಳು ಇನ್ನೂ ಸಿಕ್ಕಿಲ್ಲ. ಅವಳು ಎಲ್ಲಿದ್ದಾಳೆ ಎಂದು ನನಗೆ ಗೊತ್ತಿಲ್ಲ. ಗೊತ್ತಿದ್ದರೂ ಬರೆಯುತ್ತಿರಲಿಲ್ಲ.